ಮೂರು ತಾಲ್ಲೂಕಿನ ಸೋದರಮಾವ

ನನ್ನ ಎಡಗಿವಿಯ ತೂತು ಬಲಗಿವಿಯದಕ್ಕಿಂತ ಒಂದು ಎಳ್ಳಿನಷ್ಟು ಮೇಲಿದೆ. ಓಲೆ ಹಾಕಿಕೊಂಡು ಕನ್ನಡಿಯ ಮುಂದೆ ನಿಂತರೆ ಮಾತ್ರ ಗೊತ್ತಾಗುತ್ತದೆ. ಇದಕ್ಕೆ ಯಾರು ಕಾರಣ ಎಂಬ ಬಗ್ಗೆ ನಮ್ಮ ಮನೆಯಲ್ಲಿ ಎರಡು ಪಕ್ಷಗಳಿದ್ದವು. ಚುಚ್ಚಿದ ಆಚಾರಿಗೆ ಕಣ್ಣು ಮಂಜಾಗಿತ್ತು ಎನ್ನುವುದು ಅಪ್ಪನ ಪಕ್ಷ. ಆಚಾರಿ ಸರಿಯಾಗಿಯೇ ಇದ್ದ, ನನ್ನನ್ನು ತೊಡೆಯ ಮೇಲೆ ಕೂರಿಸಿಕೊಂಡಿದ್ದ ಸೋದರಮಾವನೇ ಅಳುಕಿ ಕೈ ಸಡಿಲ ಬಿಟ್ಟರು ಎನ್ನುವುದು ಅಮ್ಮನ ಪಕ್ಷ. ಎಷ್ಟೋ ದನಗಳ ಕಿವಿಗೆ ಬಿಲ್ಲೆ ಹೊಡೆದ ಕೈ, ವರ್ಷದ ಮಗುವೊಂದು ಕಿಟಾರನೆ ಕಿರುಚಿದ್ದಕ್ಕೆ ನಡುಗಿತಂತೆ.

ಹೋದ ಆಷಾಢದಲ್ಲಿ ಅವರು ತೀರಿಕೊಂಡರು. ಎಪ್ಪತ್ತು ದಾಟಿತ್ತು. ಅವರ ಬಗ್ಗೆ ಏನಾದರೂ ಬರೆಯೋಣವೆಂದು ಆಗಾಗ ಕೂರುತ್ತೇನೆ. ಬರೆಯುವುದಕ್ಕಿಂತ ಕೇಳುವುದೇ ಜಾಸ್ತಿ ಉಳಿದಿದೆ ಅನ್ನಿಸಿ ಎದ್ದುಬಿಡುತ್ತೇನೆ. ನನಗೆ ಚಿಕ್ಕಂದಿನಿಂದ ಕೆದಕುವ ಚಾಳಿ. ಯಾರ ಮನೆಯಲ್ಲಿ ಯಾಕೆ ಮಾತು ಬಿಟ್ಟರು, ಯಾರ ತಾಳಿ ಯಾಕೆ ಬದಲಾಯಿತು, ಎಲ್ಲ ನನಗೆ ಬೇಕು. ಈ ಒಬ್ಬ ಮನುಷ್ಯನ ಹತ್ತಿರ ಮಾತ್ರ ನನ್ನ ಕೆದಕಾಟ ಅಷ್ಟಾಗಿ ನಡೆಯಲಿಲ್ಲ.

ಅವರು ನನ್ನ ಅಮ್ಮನ ಒಡಹುಟ್ಟಿದವರಲ್ಲ. ದೂರದ ನೆಂಟರೂ ಅಲ್ಲ. ಪಶು ಇಲಾಖೆಯಲ್ಲಿ ಪರೀಕ್ಷಕರಾಗಿದ್ದವರು. ಮೊದಲು ನಾಗಮಂಗಲದ ಕಡೆ, ಆಮೇಲೆ ನಮ್ಮ ಸಂತೆಬಾಚಹಳ್ಳಿಯ ಸುತ್ತ, ಕೊನೆಗೆ ಪಾಂಡವಪುರದ ಕಡೆ ಕೆಲಸ ಮಾಡಿದರು. ಡಾಕ್ಟರಲ್ಲದಿದ್ದರೂ ಜನರ ಬಾಯಲ್ಲಿ ಅವರು ದನದ ಡಾಕ್ಟ್ರು. ಮೊಪೆಡ್ಡಿನ ಹಿಂದೆ ಔಷಧಿಯ ಪೆಟ್ಟಿಗೆ, ಆ ಪೆಟ್ಟಿಗೆಯಲ್ಲಿ ಸೂಜಿ, ಹಗ್ಗ, ಸೋಪು, ಇವೆಲ್ಲದರ ಕೆಳಗೆ ಪೇಪರಿನಲ್ಲಿ ಸುತ್ತಿಟ್ಟ ಒಂದು ಬಿಳೀ ಪಂಚೆ ಮತ್ತು ಶಲ್ಯ. ಕರು ಹಾಕಿಸಲು ಹೋಗುವವರಿಗೆ ಪಂಚೆ ಶಲ್ಯ ಯಾಕೆ ಎಂದು ಗೊತ್ತಿಲ್ಲದವರು ಕೇಳುತ್ತಿದ್ದರು. ಗೊತ್ತಿದ್ದವರು ನಗುತ್ತಿದ್ದರು.

ನಮ್ಮ ಕಡೆಯ ಒಕ್ಕಲು ಮನೆಗಳಲ್ಲಿ ಸೋದರಮಾವನಿಲ್ಲದೆ ಕೂಸಿನ ಯಾವ ಕಾರ್ಯವೂ ನಡೆಯುವುದಿಲ್ಲ. ಕೂದಲು ತೆಗೆಸುವಾಗ, ಕಿವಿ ಚುಚ್ಚಿಸುವಾಗ ಅವನ ತೊಡೆ ಬೇಕು. ಹುಡುಗಿ ದೊಡ್ಡವಳಾದಾಗ ಅವನು ಸೊಪ್ಪು ತಂದು ಅವಳು ಕೂರುವ ಪುಟ್ಟ ಗುಡಿಸಲು, ನಮ್ಮ ಮಾತಿನಲ್ಲಿ ಗುಡ್ಲು, ಹಾಕಬೇಕು. ಮದುವೆಯಲ್ಲಿ ಕೈ ಹಿಡಿದು ಹಸೆಗೆ ಕರೆತರಬೇಕು. ಅಣ್ಣತಮ್ಮಂದಿರಿಲ್ಲದ ಹೆಂಗಸಿಗೆ ಇದು ಒಂದೊಂದೂ ಎದೆ ಹಿಂಡುವ ಗಳಿಗೆ. ನೆಂಟರಲ್ಲಿ ಯಾರನ್ನೋ ಕಾಡಿ ಬೇಡಿ ಕೂರಿಸಿ ಹೇಗೋ ಶಾಸ್ತ್ರ ಮುಗಿಸುತ್ತಾರೆ, ಆ ನೆಂಟ ಆಮೇಲೆ ಎದುರು ಸಿಕ್ಕರೂ ತಿರುಗಿ ನೋಡುವುದಿಲ್ಲ. ಇಂಥ ಹೆಂಗಸರಿಗೆ ಮೂರು ತಾಲ್ಲೂಕಿನಲ್ಲಿ ಅಣ್ಣನಾದವರು ಈ ನಮ್ಮ ಮಾವ.

ಅದು ಶುರುವಾದದ್ದು ನಾಗಮಂಗಲದ ಹತ್ತಿರದ ಒಂದು ಹಳ್ಳಿಯಲ್ಲಿ, ನಾನು ಹುಟ್ಟುವುದಕ್ಕೆ ಎರಡು ವರ್ಷ ಮುಂಚೆ. ಹಸುವೊಂದು ಕರು ಹಾಕಲಾರದೆ ಒದ್ದಾಡುತ್ತಿದೆ ಎಂದು ಇವರನ್ನು ಕರೆಸಿದ್ದರು. ಅದೇ ದಿನ ಆ ಮನೆಯಲ್ಲಿ ಗಂಡುಕೂಸಿನ ಕಿವಿ ಚುಚ್ಚಿಸುವ ಕಾರ್ಯ. ಬರಬೇಕಾದ ಸೋದರಮಾವ ಹಿಂದಿನ ಯಾವುದೋ ಹಬ್ಬದಲ್ಲಿ ತನ್ನನ್ನು ಸರಿಯಾಗಿ ಊಟಕ್ಕೆ ಕರೆಯಲಿಲ್ಲವೆಂದು ಮುನಿಸಿಕೊಂಡು ಬರಲೇ ಇಲ್ಲ. ಕೂಸಿನ ತಾಯಿ ಅಡುಗೆಮನೆಯಲ್ಲಿ ಅಳುತ್ತಾ ಕೂತಿದ್ದಳು. ಕರುವನ್ನು ಎಳೆದು ಹಾಕಿ, ಮೊಣಕೈವರೆಗೆ ಸೋಪು ಹಚ್ಚಿ ತೊಳೆದುಕೊಳ್ಳುತ್ತಿದ್ದ ಇವರನ್ನು ನೋಡಿ ಆ ಮನೆಯ ಅಜ್ಜಿ, “ನೀವೇ ವಸಿ ಕೂತ್ಕಂಬುಡಿ ಡಾಕ್ಟ್ರೇ, ಒತ್ತು ಮೀರ್ತಾ ಅದೆ” ಎಂದಳಂತೆ. ಇವರು ಅಡುಗೆಮನೆಯ ಬಾಗಿಲಿಗೆ ಹೋಗಿ ಆ ತಾಯಿಗೆ ಹೇಳಿದ ಮಾತು ಆಮೇಲೆ ಎಲ್ಲ ಮನೆಯಲ್ಲೂ ಹೇಳುವ ಮಾತಾಯಿತು. “ಒಂದ್ ದಿವ್ಸುಕ್ಕೆ ಅಣ್ಣ ಆಗಾಕಿಲ್ಲ ಕನವ್ವ ನಾನು. ಆದ್ರೆ ಸಾಯೋಗಂಟ. ಒಪ್ಗೆ ಇದ್ರೆ ಅಣ್ಣ ಅಂತ ಕರಿ, ಕೂತ್ಕತೀನಿ.”

ಆ ಮಾತನ್ನು ಅವರು ಉಳಿಸಿಕೊಂಡರು. ಪ್ರತಿ ಗೌರಿಹಬ್ಬಕ್ಕೆ ತವರಿನಿಂದ ಬರಬೇಕಾದ ಅರಿಶಿನ ಕುಂಕುಮ, ಬಳೆ, ಕುಪ್ಪಸದ ಕಣ ಇವರಿಂದ ಬರುತ್ತಿತ್ತು. ಹಬ್ಬದ ಹಿಂದಿನ ವಾರವೆಲ್ಲ ಮೊಪೆಡ್ಡಿನಲ್ಲಿ ಊರೂರು ತಿರುಗುತ್ತಿದ್ದರು. ಖರ್ಚು ಉಳಿಸಲೋ ಜಗಳ ತಪ್ಪಿಸಲೋ, ಆಯಾ ವರ್ಷ ಎಲ್ಲ ತಂಗಿಯರಿಗೂ ಒಂದೇ ಥಾನಿನ ಬಟ್ಟೆ. ಹಾಗಾಗಿ ಒಂದು ವರ್ಷ ಮೂರು ತಾಲ್ಲೂಕಿನಲ್ಲಿ ಹಸಿರು ಗೆರೆಯ ಕುಪ್ಪಸ, ಇನ್ನೊಂದು ವರ್ಷ ಕೆಂಪಿನ ಮೇಲೆ ಹಳದಿ ಚುಕ್ಕಿ. ಕೆ.ಆರ್. ಪೇಟೆಯ ಬಸ್ಸಿನಲ್ಲಿ ಒಮ್ಮೆ ಅಮ್ಮನ ಪಕ್ಕ ಕೂತ ಅಪರಿಚಿತ ಹೆಂಗಸು ಅಮ್ಮನ ತೋಳು ನೋಡಿ, ತನ್ನ ತೋಳು ನೋಡಿಕೊಂಡು, “ದನದ ಡಾಕ್ಟ್ರಾ?” ಎಂದು ಕೇಳಿದ್ದು ನನಗೇ ನೆನಪಿದೆ. ಆಮೇಲೆ ಇಬ್ಬರೂ ಸ್ಟಾಪು ಬರುವವರೆಗೆ ನಕ್ಕರು.

ಮಾವನ ಹೆಂಡತಿ ಗಟ್ಟಿಗಿತ್ತಿ. ಬಳೆಯನ್ನೆಲ್ಲ ಡಜನ್ನು ಲೆಕ್ಕದಲ್ಲಿ ಕಟ್ಟಿಕೊಡುತ್ತಲೇ ಗೊಣಗುತ್ತಿದ್ದರು. “ಊರ್ ತುಂಬ ತಂಗೀರು ಇವ್ರಿಗೆ. ನಮ್ಮನೆ ಒಸ್ಲು ತುಳ್ದು ಅತ್ಗೆ ಅನ್ನೋಕೆ ಮಾತ್ರ ಒಬ್ಳೂ ಇಲ್ಲ.” ಚಿಕ್ಕವಳಾದ ನನಗೆ ಆ ಮಾತು ವಿಚಿತ್ರವಾಗಿ ಕೇಳಿಸುತ್ತಿತ್ತು. ಹೋಗಬೇಡಿ ಎಂದು ಯಾರೂ ತಡೆದಿರಲಿಲ್ಲವಲ್ಲ.

ಅಮ್ಮನಿಗೆ ಅವರು ಸಿಕ್ಕಿದ್ದು ನನ್ನ ಕಿವಿಯ ನೆಪದಿಂದ. ಅಮ್ಮ ತಂದೆತಾಯಿ ಇಲ್ಲದೆ ಪಾಂಡವಪುರದ ನೆಂಟರ ಮನೆಯಲ್ಲಿ ಬೆಳೆದವಳು. ಮದುವೆ ಮಾಡಿ ಕಳಿಸಿದ ಮೇಲೆ ಆ ಮನೆಯವರು ಕೈ ತೊಳೆದುಕೊಂಡಿದ್ದರು. ಮದುವೆಯಾದ ಮೊದಲ ಮೂರು ವರ್ಷ ಗೌರಿಹಬ್ಬದ ದಿನ ಅಮ್ಮ ಬೆಳಿಗ್ಗೆಯೇ ಗದ್ದೆಗೆ ಹೋಗಿ ಸಂಜೆ ಬರುತ್ತಿದ್ದಳಂತೆ, ಅಕ್ಕಪಕ್ಕದವರು “ನಿನ್ ತವ್ರಿಂದ ಏನ್ ಬಂತು” ಎಂದು ಕೇಳಬಾರದೆಂದು. ಇವರು ಅಣ್ಣನಾದ ಮೊದಲ ವರ್ಷ, ಬಂದ ಬಳೆಯನ್ನು ತೊಟ್ಟುಕೊಂಡು, ಕೆಲಸವಿಲ್ಲದಿದ್ದರೂ ಎರಡು ಸಲ ಬಾವಿಗೆ ಹೋಗಿ ಬಂದಳಂತೆ. ಇದನ್ನು ಹೇಳಿದ್ದು ಅಪ್ಪ. ಅಪ್ಪ ಮಾತಾಡುವುದೇ ಕಡಿಮೆ, ಈ ಕತೆಯನ್ನು ಮಾತ್ರ ಎಷ್ಟೋ ಸಲ ಹೇಳಿದ್ದರು.

ಮಾವ ಯಾರ ಮನೆಗೆ ಬಂದರೂ ಮೊದಲು ಕೊಟ್ಟಿಗೆ, ಆಮೇಲೆ ಮನೆ. ಮಕ್ಕಳನ್ನೂ ಕರುಗಳಂತೆಯೇ ಮಾತಾಡಿಸುತ್ತಿದ್ದರು: ಕಿವಿಯ ಹಿಂದೆ ಎರಡು ಬೆರಳಿನಿಂದ ತುರಿಸುತ್ತಾ “ಹೋ ಹೋ ಹೋ, ಬಾ ಮಗ.” ಜ್ವರ ಬಂದಿದೆ ಎಂದರೆ ಹಣೆ ಮುಟ್ಟುವುದಕ್ಕಿಂತ ಮುಂಚೆ ಕಣ್ಣಿನ ರೆಪ್ಪೆ ಎಳೆದು ನೋಡುತ್ತಿದ್ದರು. ಕೆಲಸದಲ್ಲಿ ಮಹಾ ಕಟ್ಟುನಿಟ್ಟು. ಯಾವ ಹಸು ಯಾವ ಹೋರಿಯದು, ಯಾವ ಕರು ಯಾವ ಹಸುವಿನದು ಎಂದು ಬರೆದಿಟ್ಟ ಒಂದು ದಪ್ಪ ಪುಸ್ತಕ ಅವರ ಬಳಿ ಇತ್ತು. ರೈತರು ಅವಸರ ಮಾಡಿದರೆ ಬೈಯುತ್ತಿದ್ದರು. “ತಡ್ಕಳ್ಲಾ, ಇದ್ಕೂ ಅದ್ಕೂ ಒಂದೇ ಹೋರಿ. ಒಟ್ಗೆ ಸೇರ್ಸಬಾರ್ದು ಕನ್ಲಾ.” ದನಗಳ ವಿಷಯದಲ್ಲಿ ಇಷ್ಟು ಹುಷಾರಾಗಿದ್ದ ಮನುಷ್ಯ, ತನ್ನ ತೊಡೆಯ ಮೇಲೆ ಕೂತ ಮಕ್ಕಳೂ ಒಂದು ದಿನ ಬೆಳೆಯುತ್ತಾರೆ ಎಂಬುದನ್ನು ಹೇಗೆ ಮರೆತರೋ ನನಗೆ ಈಗಲೂ ಆಶ್ಚರ್ಯ.

ನಾನು ದೊಡ್ಡವಳಾದಾಗ ಅವರು ಗುಡ್ಲಿಗೆ ತೆಂಗಿನ ಗರಿ ಹೇರಿಕೊಂಡು ಬಂದ ಚಂದ ನೋಡಬೇಕಿತ್ತು. ಮೊಪೆಡ್ಡೂ ಕಾಣುತ್ತಿರಲಿಲ್ಲ, ಮಾವನೂ ಕಾಣುತ್ತಿರಲಿಲ್ಲ. ಊರ ಬೀದಿಯಲ್ಲಿ ಗುಡ್ಲೇ ತನ್ನಷ್ಟಕ್ಕೆ ಹಾರನ್ ಹೊಡೆದುಕೊಂಡು ಬರುತ್ತಿತ್ತು. ಹಜಾರದ ಮೂಲೆಯಲ್ಲಿ ನನ್ನನ್ನು ಕೂರಿಸಿ ಸುತ್ತ ಗರಿ ಕಟ್ಟತೊಡಗಿದರು. ನನಗೋ ನಾಚಿಕೆಗಿಂತ ಬೇಜಾರು ಹೆಚ್ಚಾಗಿತ್ತು. ಒಳಗಿನಿಂದಲೇ ಕೇಳಿದೆ, “ಮಾವ, ನಿಮ್ಗೆ ಸ್ವಂತ ತಂಗಿ ಇಲ್ವಾ?”

ಗರಿಯ ಸದ್ದು ನಿಂತಿತು. ಸಂದಿನಲ್ಲಿ ಅವರ ಕೈ ಮಾತ್ರ ಕಾಣುತ್ತಿತ್ತು. ಆ ಕೈ ಒಳಗೆ ಚಾಚಿತು. “ಆ ಅಗ್ಗ ಕೊಡು ಮಗ” ಎಂದರು. ಕೊಟ್ಟೆ. ಅವತ್ತು ಅಷ್ಟೇ.

ಎಸ್ಸೆಸ್ಸೆಲ್ಸಿ ಆದ ಮೇಲೆ ನನ್ನನ್ನು ಏನು ಮಾಡುವುದೆಂದು ಮನೆಯಲ್ಲಿ ಚರ್ಚೆ ನಡೆಯಿತು. ನರ್ಸಿಂಗ್ ಎಂದರು ಒಬ್ಬರು, ಹೊಲಿಗೆ ಎಂದರು ಇನ್ನೊಬ್ಬರು. ಮಾವ ನನ್ನನ್ನು ಕೊಟ್ಟಿಗೆಗೆ ಕರೆದುಕೊಂಡು ಹೋಗಿ, ಹಸುವಿನ ಮೈ ಸವರುತ್ತಾ ನಿನಗೇನು ಆಸೆ ಎಂದು ಕೇಳಿದರು. ಗೊತ್ತಿಲ್ಲ ಎಂದೆ. ಹಸು ಯಾಕೆ ಮೆಲುಕು ಹಾಕುತ್ತದೆ, ಎಮ್ಮೆ ಯಾಕೆ ಕೆಸರಿಗೆ ಹೋಗುತ್ತದೆ ಎಂದು ಅವರ ಪ್ರಾಣ ತಿಂದೆ. ಅವರು ಒಳಗೆ ಬಂದು ಅಪ್ಪನಿಗೆ ಹೇಳಿದರು. “ಇವ್ಳು ಬರೀ ಕೇಳೋಳು ಕನ ಭಾವ. ಮೇಷ್ಟ್ರು ಮಾಡ್ಸು. ಅಲ್ಲಾದ್ರೆ ಕೇಳಾಕೇ ಸಂಬ್ಳ ಕೊಡ್ತಾರೆ.” ಈಗ ನಾನು ಬೆಳ್ಳೂರಿನ ಕಡೆ ಒಂದು ಹೈಸ್ಕೂಲಿನಲ್ಲಿ ವಿಜ್ಞಾನದ ಟೀಚರು. ನನ್ನ ಜಾಗ ಯಾವುದೆಂದು ನನಗಿಂತ ಮೊದಲು ಗೊತ್ತಾದದ್ದು ಅವರಿಗೆ.

ಬಿ.ಎಡ್. ಓದುವಾಗ ನನ್ನ ಜೊತೆಯ ಹುಡುಗನೊಬ್ಬ ಮೊಬೈಲಿನಲ್ಲಿ ತನ್ನ ಮನೆಯವರ ಫೋಟೋ ತೋರಿಸಿದ. ಅವನ ತಾಯಿ ತೊಟ್ಟಿದ್ದದ್ದು ಕೆಂಪಿನ ಮೇಲೆ ಹಳದಿ ಚುಕ್ಕಿಯ ಕುಪ್ಪಸ. ನಾನು ಫೋಟೋ ದೊಡ್ಡದು ಮಾಡಿ ನೋಡಿ ಕೇಳಿದೆ, “ನಿಮ್ಮಮ್ಮನ್ಗೆ ದನದ ಡಾಕ್ಟ್ರು ಅಣ್ಣನಾ?” ಅವನು ತಬ್ಬಿಬ್ಬಾದ. ಮಾವನ ಮೊದಲ ಕೂಸು, ನಾಗಮಂಗಲದ ಆ ಹಳ್ಳಿಯ ಗಂಡುಕೂಸು ಅವನೇ. ಅವನ ಎರಡು ಕಿವಿಯ ತೂತೂ ಸರಿಯಾಗಿದ್ದವು, ಅದೊಂದು ನನಗೆ ಹೊಟ್ಟೆಯುರಿ. ನಮ್ಮಿಬ್ಬರ ಮಾತು ಶುರುವಾದದ್ದೇ ಮಾವನನ್ನು ಕುರಿತು. ಎರಡು ವರ್ಷದಲ್ಲಿ ಅದು ಎಲ್ಲಿಗೆ ಬಂದು ಮುಟ್ಟಬೇಕೋ ಅಲ್ಲಿಗೆ ಬಂದಿತ್ತು. ಜಾತಿ, ಒಕ್ಕಲು, ಜಾತಕ ಎಲ್ಲ ಹೊಂದಿದ್ದರಿಂದ ಮನೆಯವರೂ ಒಪ್ಪಿದರು. ಕೆಲಸ ಕೆಡಿಸಿದ್ದು ನನ್ನ ಬಾಯಿ.

ಮಾತುಕತೆಗೆಂದು ಅವರ ಮನೆಗೆ ಹೋಗಿದ್ದೆವು. ಕಾಫಿ ಕೊಡುವಾಗ ಹುಡುಗನ ದೊಡ್ಡಪ್ಪ, ಆ ಮನೆಯ ಹಿರಿಯರು, ನಮ್ಮ ಕಡೆಯ ನೆಂಟರಿಷ್ಟರನ್ನು ವಿಚಾರಿಸುತ್ತಿದ್ದರು. ನಾನು ಹೆಮ್ಮೆಯಿಂದ ಹೇಳಿದೆ, ನಮ್ಮಿಬ್ಬರಿಗೂ ಒಬ್ಬರೇ ಸೋದರಮಾವ, ನನ್ನ ಕಿವಿ ಚುಚ್ಚಿಸಿದವರೂ ಅವರೇ ಎಂದು. ಒಳ್ಳೆಯ ಶಕುನ ಅನ್ನುತ್ತಾರೆ ಎಂದುಕೊಂಡಿದ್ದೆ.

ದೊಡ್ಡಪ್ಪ ಲೋಟ ಕೆಳಗಿಟ್ಟರು. “ತಡಿ ಮಗ. ನಿಮ್ಮವ್ವ ಡಾಕ್ಟ್ರುನ್ನ ಏನಂತ ಕರೀತಾಳೆ?”

“ಅಣ್ಣ ಅಂತ.”

“ನಮ್ ಹುಡ್ಗನ ಅವ್ವನೂ ಅಣ್ಣ ಅಂತಾಳೆ. ಅಂದ್ಮೇಲೆ ಅವ್ರಿಬ್ರೂ ಅಕ್ಕತಂಗೀರು. ಅಕ್ಕತಂಗಿ ಮಕ್ಳು ನೀವು ಅಣ್ಣತಂಗಿ ಆಯ್ತೀರಿ. ಇದಾಗಾಕಿಲ್ಲ.”

ನಾನು ನಕ್ಕೆ. ರಕ್ತಸಂಬಂಧವೇ ಇಲ್ಲದ ಮೇಲೆ ಅಣ್ಣತಂಗಿ ಹೇಗಾಗುತ್ತೇವೆ ಎಂದೆ. ದೊಡ್ಡಪ್ಪ ಜಗಳಗಂಟರಲ್ಲ, ಸಮಾಧಾನವಾಗಿಯೇ ಕೇಳಿದರು. “ಅಂಗಾರೆ ಇಷ್ಟ್ ವರ್ಷ ನಿಮ್ಮವ್ವ ಅಣ್ಣ ಅಂದಿದ್ದು ಸುಳ್ಳಾ?” ಅಮ್ಮನ ಕಡೆ ನೋಡಿದೆ. ಅಮ್ಮ ನೆಲ ನೋಡುತ್ತಿದ್ದಳು.

ದಾರಿ ತೋರಿಸಿದವರೂ ಆ ದೊಡ್ಡಪ್ಪನೇ. ಡಾಕ್ಟರು ಬಂದು ನಾಲ್ಕು ಜನರ ಮುಂದೆ, ಈ ಇಬ್ಬರಲ್ಲಿ ಒಬ್ಬಳು ನನ್ನ ತಂಗಿಯಲ್ಲ, ಅವತ್ತು ಶಾಸ್ತ್ರಕ್ಕೆ ಕೂತಿದ್ದೆ ಅಷ್ಟೆ ಎಂದು ಹೇಳಿಬಿಟ್ಟರೆ ಸಾಕು, ಮದುವೆಗೆ ಅಡ್ಡಿಯಿಲ್ಲ. ಅಷ್ಟು ಹೇಳುವುದರೊಳಗೆ ಹುಡುಗನ ತಾಯಿ ಒಳಗಿನಿಂದ ಬಂದು ನಿಂತರು. “ನಾನಂತೂ ಬುಡಾಕಿಲ್ಲ. ಅವ್ರು ಮೊದ್ಲು ಅಣ್ಣ ಆಗಿದ್ದು ನಂಗೆ” ಎಂದರು. ಬಿಡಬೇಕಾದವಳು ನನ್ನಮ್ಮ ಎಂದು ಅಲ್ಲಿಗೆ ತೀರ್ಮಾನವಾಯಿತು.

ಮಾವ ಅಷ್ಟು ಹೊತ್ತಿಗೆ ನಿವೃತ್ತರಾಗಿ ಸಂತೆಬಾಚಹಳ್ಳಿಯಲ್ಲೇ ಮನೆ ಮಾಡಿಕೊಂಡಿದ್ದರು. ಮಾರನೆಯ ದಿನವೇ ಹೋದೆ. ಇದೆಲ್ಲ ಎಂಥ ತಮಾಷೆ ಎನ್ನುವ ಧಾಟಿಯಲ್ಲಿ ಹೇಳಿದೆ. ಅವರು ಹಸುವಿನ ಕತ್ತಿನ ಕೆಳಗೆ ಉಣ್ಣೆ ಹುಳು ಕೀಳುತ್ತಿದ್ದವರು ಕೀಳುತ್ತಲೇ ಇದ್ದರು.

“ಒಂದು ಮಾತು ಮಾವ. ಬಾಯಲ್ಲಿ ಅಂದ್ರೆ ಸಾಕು.”

“ಬಾಯಲ್ಲಿ ಅಂದ್ರೆ ಸಾಕಾ?” ಎಂದರು. ಕಿತ್ತ ಹುಳುವನ್ನು ನೆಲಕ್ಕೆ ಹಾಕಿ ಹೊಸಕಿದರು. ನನಗೆ ರೇಗಿತು. ಹೇಳಬಾರದ್ದು ಹೇಳಿದೆ. “ನಿಮ್ಗೆ ಅಣ್ಣ ಅನ್ನಿಸ್ಕಳೋ ಚಪಲ. ಅದಕ್ಕೆ ನನ್ ಬದ್ಕು ಹಾಳಾಗ್ಬೇಕಾ?” ಅವರು ತಿರುಗಿ ನೋಡಲಿಲ್ಲ. ಆ ಮಾತನ್ನು ನೆನೆಸಿಕೊಂಡರೆ ಇವತ್ತಿಗೂ ನನ್ನ ಮುಖ ಬಿಸಿಯಾಗುತ್ತದೆ.

ಬಸ್ ಸ್ಟಾಪಿನವರೆಗೆ ಮಾವನ ಹೆಂಡತಿ ಜೊತೆಗೆ ಬಂದರು. ಬಸ್ಸು ತಡವಾಗಿತ್ತು. “ಗುಡ್ಲೊಳ್ಗಿಂದ ಅವತ್ತು ನೀನ್ ಕೇಳಿದ್ಯಂತೆ, ಸ್ವಂತ ತಂಗಿ ಇಲ್ವಾ ಅಂತ. ಇದ್ಲು ಕನವ್ವ” ಎಂದರು.

ಮಾವನಿಗೆ ಒಬ್ಬಳೇ ತಂಗಿ. ತಂದೆ ಇಲ್ಲದ ಮನೆಯಲ್ಲಿ ಇವರೇ ಅವಳನ್ನು ಹೆಗಲ ಮೇಲೆ ಹೊತ್ತು ಬೆಳೆಸಿದ್ದು. ಅವಳು ಬೇರೆ ಜಾತಿಯ ಹುಡುಗನನ್ನು ಮೆಚ್ಚಿ ಮದುವೆಯಾಗಿ, ಅಣ್ಣನಿಗೆ ಹೇಳಿ ಹೋಗೋಣವೆಂದು ಊರಿಗೆ ಬಂದಿದ್ದಳು. ಊರಿನ ಹಿರಿಯರು ಕೂಡಿದರು. ತಾಯಿಯನ್ನೂ ಇವರನ್ನೂ ಊರೊಳಗೆ ಇಟ್ಟುಕೊಳ್ಳಬೇಕಾದರೆ ಇವರು ಒಂದು ಮಾತು ಹೇಳಬೇಕು ಎಂದರು. ಇವಳು ನನ್ನ ತಂಗಿಯಲ್ಲ, ಅಷ್ಟೆ. ಇಪ್ಪತ್ತೆರಡು ವರ್ಷದ ಇವರು ಹೇಳಿಬಿಟ್ಟರು.

“ಅಂದ್ಬುಟ್ರು ಕನವ್ವ. ಆ ಯಮ್ಮ ಅಲ್ಲೇ ನಿಂತಿದ್ಲಂತೆ. ಅಳ್ಲಿಲ್ವಂತೆ, ಬ್ಯಾಗ್ ಎತ್ಕಂಡು ಒಂಟೋದ್ಲಂತೆ. ನಮ್ ಮದ್ವೆ ಆದ್ಮೇಲೆ ಇವ್ರು ಆ ಯಮ್ಮನ್ನ ಉಡಿಕ್ಕಂಡು ಮೈಸೂರ್ಗೆ ಓಗಿದ್ರು. ಬಾಗ್ಲು ತೆಗ್ದು ನೋಡ್ಬುಟ್ಟು, ‘ನಂಗೆ ಅಣ್ಣ ಯಾರೂ ಇಲ್ಲ’ ಅಂದು ಬಾಗ್ಲು ಆಕಂಡ್ಲಂತೆ. ಆಮ್ಯಾಕೇ ಈ ಪಂಚೆ ಶಲ್ಯ ಎಲ್ಲ ಸುರುವಾಗಿದ್ದು. ಇವ್ರು ನಿನ್ ಮದ್ವೆಗೋಸ್ಕರ ಅಂದೇ ಅಂತಾರೆ, ನಂಗೊತ್ತು. ಅಂದ್ಮೇಲೆ ಇವ್ರು ಏನಾಯ್ತಾರೋ ಅದು ಗೊತ್ತಿಲ್ಲ.”

ಅಷ್ಟು ವರ್ಷ ಕೆದಕಬೇಕೆಂದಿದ್ದದ್ದು ಹೀಗೆ ಬಸ್ ಸ್ಟಾಪಿನಲ್ಲಿ ತಾನಾಗಿ ಸಿಕ್ಕಿತು. ಬೇಡವಾಗಿತ್ತು ಅನ್ನಿಸಿತು. ಮನೆಗೆ ಬಂದು ಅಮ್ಮನಿಗೆ ಎಲ್ಲವನ್ನೂ ಹೇಳಿದೆ. ಈ ಮದುವೆ ಬಿಟ್ಟುಬಿಡೋಣ ಎಂದೂ ಹೇಳಿದೆ. ಹೇಳುವಾಗ ಅಳು ಬಂತು. ಅಮ್ಮ ಅವರೆಕಾಯಿ ಸುಲಿಯುತ್ತಿದ್ದಳು. ಎಲ್ಲ ಕೇಳಿದ ಮೇಲೆ ಅವಳು ಕೇಳಿದ್ದು ಒಂದೇ. “ಅವ್ರು ಅಂಗೆ ಅಂದಾಗ ಆ ತಂಗಿ ಅಲ್ಲೇ ನಿಂತಿದ್ಲಾ?”

“ನಿಂತಿದ್ಲಂತೆ.”

ಅಮ್ಮ ಸಿಪ್ಪೆಯನ್ನೆಲ್ಲ ಮೊರಕ್ಕೆ ಬಳಿದುಕೊಂಡು ಹಸುವಿಗೆ ಹಾಕಲು ಎದ್ದು ಹೋದಳು.

ಮುಂದಿನ ಭಾನುವಾರ ಹುಡುಗನ ಮನೆಯ ಹಜಾರದಲ್ಲಿ ಎಲ್ಲರೂ ಸೇರಿದರು. ಮಾವ ಬಸ್ಸಿನಲ್ಲಿ ಬಂದಿದ್ದರು. ಒಂದು ವಾರದಲ್ಲಿ ಅಂಗಿಯ ಕತ್ತಿನ ಪಟ್ಟಿ ದೊಡ್ಡದಾಯಿತೋ ಎನ್ನುವಷ್ಟು ಸೊರಗಿದ್ದರು. ನನ್ನ ಕಿವಿಯ ಹಿಂದೆ ಎರಡು ಬೆರಳು ಇಟ್ಟು ತುರಿಸಿ, ಹೋಗಿ ಚಾಪೆಯ ಮೇಲೆ ಕೂತರು. ದೊಡ್ಡಪ್ಪ ಸೌಜನ್ಯವಾಗಿಯೇ, “ಆ ಒಂದ್ ಮಾತ್ ಏಳ್ಬುಡಿ ಡಾಕ್ಟ್ರೇ, ಮಕ್ಳಿಗೆ ಒಳ್ಳೇದಾಗ್ಲಿ” ಎಂದರು. ಮಾವ ಎದ್ದು ನಿಂತರು. ಒಮ್ಮೆ ಬಾಯಿ ತೆರೆದು ಮುಚ್ಚಿದರು, ಮತ್ತೆ ತೆರೆದರು.

“ನೀವ್ ಕೂತ್ಕಳಿ ಡಾಕ್ಟ್ರೇ.”

ಬಾಗಿಲ ಬಳಿಯಿಂದ ಬಂದದ್ದು ಅಮ್ಮನ ದನಿ. ಹತ್ತು ಜನರ ಮುಂದೆ ಅಮ್ಮ ಮಾತಾಡಿದ್ದನ್ನು ನಾನು ಅದುವರೆಗೆ ಕೇಳಿರಲಿಲ್ಲ. ಅವರನ್ನು ಡಾಕ್ಟ್ರೇ ಎಂದದ್ದನ್ನೂ ಕೇಳಿರಲಿಲ್ಲ. “ಅವ್ರುನ್ನ ಯಾಕ್ ಕೇಳ್ತೀರಿ? ನಾನ್ ಏಳ್ತೀನಿ. ಅವ್ರು ನಮ್ಮನೆಗೆ ದನ ನೋಡಾಕ್ ಬತ್ತಿದ್ರು. ಕೂಸ್ನ ತೊಡೆ ಮ್ಯಾಲೆ ಆಕ್ಕಳೋರಿರ್ಲಿಲ್ಲ, ಕೂತ್ಕಳಿ ಅಂದೆ, ಕೂತ್ಕಂಡ್ರು. ಅಷ್ಟೇಯ. ನಂಗೆ ಅಣ್ಣ ತಮ್ಮ ಯಾರೂ ಇಲ್ಲ.”

ಪಾಠ ಒಪ್ಪಿಸುವ ಮಕ್ಕಳಂತೆ ಎಲ್ಲೂ ತಡವರಿಸದೆ ಹೇಳಿದಳು. ವಾರವೆಲ್ಲ ಹಸುವಿನ ಮುಂದೆ ಅಭ್ಯಾಸ ಮಾಡಿದ್ದಳೋ ಏನೋ, ನಾನು ಕೇಳಲಿಲ್ಲ. ಸೆರಗಿನ ತುದಿಯನ್ನು ಮಾತ್ರ ಹಿಂಡಿ ಹಿಂಡಿ ಹಗ್ಗ ಮಾಡಿಬಿಟ್ಟಿದ್ದಳು. ಮಾವ ನಿಂತೇ ಇದ್ದರು. ದೊಡ್ಡಪ್ಪ “ಸರಿ ಬುಡಿ, ಆಯ್ತು” ಎಂದ ಮೇಲೂ ಸ್ವಲ್ಪ ಹೊತ್ತು ನಿಂತಿದ್ದು, ಆಮೇಲೆ ಕೂತರು. ಒಳಗೆ ಒಬ್ಬಟ್ಟಿಗೆ ಬೇಳೆ ಬೇಯಿಸಲು ಆಗಲೇ ಶುರುಮಾಡಿದ್ದರು.

ಮದುವೆ ನಾಗಮಂಗಲದ ಛತ್ರದಲ್ಲಿ ಆಯಿತು. ವರನ ಸೋದರಮಾವನಾಗಿ ಅವರು ಪಂಚೆ ಉಟ್ಟು, ಶಲ್ಯ ಹೊದ್ದು, ಹುಡುಗನ ಕೈ ಹಿಡಿದು ಹಸೆಗೆ ಕರೆತಂದು ನಿಲ್ಲಿಸಿದರು. “ಹುಡುಗಿ ಸೋದರಮಾವ ಯಾರು, ಕರ್ಕೊಂಡ್ ಬನ್ನಿ” ಎಂದು ಪುರೋಹಿತರು ಕೂಗಿದರು. ಯಾರೂ ಏಳಲಿಲ್ಲ. ಅಪ್ಪ ಆ ಕಡೆ ಈ ಕಡೆ ನೋಡಿದರು. ಇನ್ನೊಂದು ಸಲ ಕೂಗಿದಾಗ ಅಮ್ಮ ಬಂದು ನನ್ನ ಕೈ ಹಿಡಿದುಕೊಂಡಳು. ತಾಯಿ ಕರೆತರುವ ಪದ್ಧತಿ ಇಲ್ಲವೆಂದು ಯಾರೋ ಹೆಂಗಸು ಅನ್ನುತ್ತಿದ್ದಳು. “ಇಲ್ದಿದ್ರೆ ಇರ್ಲಿ” ಎಂದು ಅಮ್ಮ ನಡೆದಳು. ಮಂಟಪದಲ್ಲಿ ಅಡ್ಡ ಹಿಡಿದ ಪರದೆಯ ಆ ಕಡೆ ಗಂಡಿನ ಕೈ ಹಿಡಿದ ಮಾವ, ಈ ಕಡೆ ನನ್ನ ಕೈ ಹಿಡಿದ ಅಮ್ಮ. ಪರದೆಯ ಕೆಳಗೆ ಮಾವನ ಪಾದಗಳು ಕಾಣುತ್ತಿದ್ದವು. ನಾನು ಗಂಡನ ಪಾದ ನೋಡುವುದು ಬಿಟ್ಟು ಅವನ್ನೇ ನೋಡುತ್ತಿದ್ದೆ.

ಆಮೇಲೆ ಅಮ್ಮ ಆಡಿದ ಮಾತಿಗೆ ತಪ್ಪಲಿಲ್ಲ. ಅವರು ಎದುರಾದಾಗಲೆಲ್ಲ “ಚೆನ್ನಾಗಿದ್ದೀರಾ ಡಾಕ್ಟ್ರೇ” ಎಂದು ಬೀಗರನ್ನು ಮಾತಾಡಿಸುವಂತೆ ಮಾತಾಡಿಸಿ ಒಳಗೆ ಹೋಗುತ್ತಿದ್ದಳು. ಅವರೂ ಅಮ್ಮನ ಮನೆಗೆ ಗೌರಿಹಬ್ಬಕ್ಕೆ ಹೋಗುವುದನ್ನು ನಿಲ್ಲಿಸಿದರು. ನನ್ನ ಅತ್ತೆಗೆ, ಅಂದರೆ ಗಂಡನ ತಾಯಿಗೆ, ಹಬ್ಬದ ಕಣ ಕೊಡಲು ನಮ್ಮ ಮನೆಗೆ ಬರುತ್ತಿದ್ದರಲ್ಲ, ಆಗ ಇನ್ನೊಂದು ಕಣವನ್ನು ನನ್ನ ಕೈಗೆ ಕೊಟ್ಟು “ಇದ್ನೂ ಮಡಿಕ್ಕ” ಎನ್ನುತ್ತಿದ್ದರು. ಅದು ನನಗೋ ಅಮ್ಮನಿಗೋ ಅವರು ಹೇಳಲಿಲ್ಲ. ನಾನು ಅಮ್ಮನಿಗೆ ಕಳಿಸುತ್ತಿದ್ದೆ. ಅಮ್ಮ ಹೊಲಿಸಿಕೊಳ್ಳುತ್ತಿದ್ದಳು, ಆದರೆ ನಮ್ಮ ಮನೆಗೆ ಬರುವಾಗ ತೊಟ್ಟು ಬರುತ್ತಿರಲಿಲ್ಲ. ಅತ್ತೆ ಅಮ್ಮನನ್ನು “ಬೀಗ್ತಮ್ಮ” ಎಂದು ಕರೆದು ಚೆನ್ನಾಗಿಯೇ ಉಪಚರಿಸುತ್ತಿದ್ದರು. ಮಾವನ ಸುದ್ದಿ ಮಾತ್ರ ಅವರಿಬ್ಬರ ನಡುವೆ ಬರುತ್ತಿರಲಿಲ್ಲ.

ಅವರಿಗೆ ಹುಷಾರಿಲ್ಲ ಎಂದು ತಿಳಿದಾಗ ನಾನು, ಅಮ್ಮ, ಅತ್ತೆ ಮೂವರೂ ನೋಡಲು ಹೋದೆವು. ಕೊಟ್ಟಿಗೆ ಕಾಣುವಂತೆ ಜಗಲಿಯ ಮೇಲೆ ಮಂಚ ಹಾಕಿಸಿಕೊಂಡು ಮಲಗಿದ್ದರು. ಅತ್ತೆ “ಅಣ್ಣಾ” ಎನ್ನುತ್ತಾ ಹೋಗಿ ತಲೆದಿಂಬಿನ ಬಳಿ ಕೂತು ಮೂಸಂಬಿ ಸುಲಿಯತೊಡಗಿದರು. ಅಮ್ಮ ಕಂಬದ ಪಕ್ಕ ನಿಂತು, “ಎಂಗಿದ್ದೀರಿ ಡಾಕ್ಟ್ರೇ” ಎಂದಳು.

ಮಾವ ಅಮ್ಮನ ಕಡೆ ತಿರುಗಿದರು. “ಅವತ್ತು ನೀನ್ ಬಾಯ್ ಬುಡ್ದೆ ಇದ್ದಿದ್ರೆ ನಾನು ಅಂದ್ಬುಡ್ತಿದ್ದೆ ಕನವ್ವ. ಎಲ್ಡ್ನೇ ಸಲ.”

“ಗೊತ್ತಿತ್ತು ಕನಣ್ಣ. ಅದ್ಕೇಯ ನಾನಂದಿದ್ದು.”

ಏಳು ವರ್ಷ ತಡೆದಿಟ್ಟ ‘ಅಣ್ಣ’ ತಾನಾಗಿ ಬಂದುಬಿಟ್ಟಿತ್ತು. ಅಮ್ಮ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಅತ್ತೆಯ ಕಡೆ ನೋಡಿದಳು. ನಾನೂ ನೋಡಿದೆ. ವಿಜ್ಞಾನದ ಟೀಚರಾದ ನನಗೆ ಆ ಕ್ಷಣ ನಿಜವಾಗಿ ಭಯವಾಗಿತ್ತು.

ಅತ್ತೆ ಸುಲಿದ ತೊಳೆಯೊಂದನ್ನು ಮಾವನ ಅಂಗೈಯಲ್ಲಿಟ್ಟು, ಸಿಪ್ಪೆಯನ್ನು ಜಗಲಿಯ ಕೆಳಕ್ಕೆ ಎಸೆದು, ಅಮ್ಮನ ಕಡೆ ತಿರುಗಿದರು. “ಮೊಮ್ಮಗೀಗೆ ಆರು ತುಂಬ್ತು. ಇನ್ ಯಾವೋನ್ ಬಂದು ಇವ್ಳೂ ನನ್ ಮಗನೂ ಅಣ್ಣತಂಗಿ ಅಂತಾನೋ ಬರ್ಲಿ, ನಾನ್ ನೋಡ್ಕತೀನಿ. ಯಾಕ್ ಕಂಬ ಹಿಡ್ಕಂಡ್ ನಿಂತಿದ್ದೀಯೆ? ಬಾ ಅಕ್ಕ, ಇಲ್ ಬಂದು ಕೂತ್ಕ.”

ಮಂಚ ಸಣ್ಣದು. ಮಾವ ಒಂದು ಕೈಯೂರಿಕೊಂಡು, ನಿಧಾನವಾಗಿ ಎರಡು ಕಾಲನ್ನೂ ಮಡಿಸಿ, ಅಮ್ಮನಿಗೆ ಜಾಗ ಮಾಡಿದರು.